ಮತದಾರರು ಯಾರ ಜಹಗೀರೂ ಅಲ್ಲ



‘ಸುರಕ್ಷಿತ ಕ್ಷೇತ್ರ’ ಎಂಬ ಮಾತನ್ನು ನಾವು ಪ್ರತಿ ಚುನಾವಣೆಯಲ್ಲೂ ಕೇಳುತ್ತೇವೆ. ಅದೆಷ್ಟು ಪೊಳ್ಳು ಎಂಬುದಕ್ಕೆ ಬ್ರಿಟನ್ನಿನ ಲೇಟನ್ ಉಪಚುನಾವಣೆ ಸಾಕ್ಷಿ.

1964ರ ಅಕ್ಟೋಬರ್‌ನಲ್ಲಿ ಲೇಬರ್ ಪಕ್ಷವು ಕೇವಲ 4 ಸ್ಥಾನಗಳ ಬಹುಮತದಿಂದ ಅಧಿಕಾರಕ್ಕೇರಿತು. ಆದರೆ ಅದರ ಹಿರಿಯ ನಾಯಕ ಪ್ಯಾಟ್ರಿಕ್ ಗಾರ್ಡನ್ ವಾಕರ್ ಸ್ಮೆಥ್ವಿಕ್‌ನಲ್ಲಿ ಸೋತರು. ವಲಸಿಗರ ವಿರುದ್ಧ ಕೆರಳಿಸಲಾದ ದ್ವೇಷವು ಅಲ್ಲಿ ಫಲ ಕೊಟ್ಟಿತ್ತು. ಆದರೂ ಪ್ರಧಾನಿ ಹೆರಾಲ್ಡ್ ವಿಲ್ಸನ್ ಅವರನ್ನೇ ವಿದೇಶಾಂಗ ಸಚಿವರನ್ನಾಗಿಸಿದರು. ಅವರಿಗಾಗಿ ಲೇಟನ್‌ನ ಸದಸ್ಯ, ಭಾರತದ ಸ್ವಾತಂತ್ರ್ಯವನ್ನು ಬೆಂಬಲಿಸಿದ್ದ ರೆಜಿನಾಲ್ಡ್ ಸೊರೆನ್‌ಸನ್‌ರನ್ನು ಮೇಲ್ಮನೆಗೆ ಕಳುಹಿಸಿ ಸ್ಥಾನ ತೆರವುಗೊಳಿಸಲಾಯಿತು.

1965ರ ಜನವರಿ 21ರಂದು ಮತದಾನ ನಡೆಯಿತು. ಸುಮಾರು 8,000 ಮತಗಳ ಅಂತರ ಕರಗಿಹೋಯಿತು. ವಾಕರ್ 205 ಮತಗಳಿಂದ ಕನ್ಸರ್ವೇಟಿವ್ ಅಭ್ಯರ್ಥಿ ರೊನಾಲ್ಡ್ ಬಕ್ಸ್‌ಟನ್‌ರಿಗೆ ಸೋತು, ಸಚಿವ ಪದವಿಯನ್ನೂ ತೊರೆದರು.

ಈ ಸೋಲನ್ನೂ ಜನಾಂಗದ್ವೇಷದ ಖಾತೆಗೆ ಜಮಾ ಮಾಡುವುದು ಸುಲಭ. ದ್ವೇಷಿಗಳು ಅಲ್ಲಿಗೂ ಬಂದಿದ್ದರು, ನಿಜ. ಆದರೆ ತಾವು ಆರಿಸಿದವರನ್ನು ಎಬ್ಬಿಸಿ ಹೊರಗಿನವರನ್ನು ಹೇರಿದ್ದಕ್ಕೆ ಲೇಟನ್‌ನ ಜನರೂ ಮುನಿದಿದ್ದರು. ಶೇ. 70ರಷ್ಟಿದ್ದ ಮತದಾನ ಸುಮಾರು ಶೇ. 58ಕ್ಕೆ ಕುಸಿದದ್ದು ಇದನ್ನೇ ಸೂಚಿಸುತ್ತದೆ. ಎಷ್ಟೋ ಮಂದಿ ಮತಗಟ್ಟೆಗೇ ಹೋಗಲಿಲ್ಲ.

1966ರಲ್ಲಿ ಅದೇ ಲೇಟನ್ ವಾಕರ್‌ರನ್ನು ಗೆಲ್ಲಿಸಿತು. ಸ್ಮೆಥ್ವಿಕ್ ಕೂಡ ಲೇಬರ್ ಪಕ್ಷಕ್ಕೆ ಮರಳಿತು. ದ್ವೇಷದ ಗೆಲುವು ಶಾಶ್ವತವಲ್ಲ. ಮತದಾರರ ನಿಷ್ಠೆಯೂ ಶಾಶ್ವತವಲ್ಲ. ಮತಗಳನ್ನು ಮೊದಲೇ ಎಣಿಸಿಟ್ಟುಕೊಳ್ಳುವ ಪಕ್ಷಗಳು ಇದನ್ನು ಅರಿಯಲಿ. ಕೇಳದೆಯೇ ದೊರೆಯುವ ಮತಕ್ಕೆ ಯಾರೂ ಬೆಲೆ ಕೊಡುವುದಿಲ್ಲವೆಂಬುದನ್ನು ನಾವೂ ಅರಿತುಕೊಳ್ಳೋಣ.