ಲೆಕ್ಕಕ್ಕೆ ಬರದ ಒಡ್ಡು



ನಮ್ಮೂರು ಇಜೇರಿ. ಜೇವರ್ಗಿ ಸೀಮೆಯ ಎರಿ ಹೊಲದ ಊರು. ತೊಗರಿ ರಾಶಿ ಮುಗಿದ ಮೇಲೆ ಇಲ್ಲಿ ಎದುರಿಗೆ ಸಿಕ್ಕವರೆಲ್ಲ ಕೇಳುವುದು ಒಂದೇ ಮಾತು: "ಎಷ್ಟು ಚೀಲ ಆತು?" ಎಕರೆಗೆ ಇಷ್ಟು ಅಂತ ಹೇಳಿ ನಾವೂ ಮುಂದೆ ಹೋಗುತ್ತೇವೆ. ಮುಂಗಾರಿನ ದೊಡ್ಡ ಮಳೆಗೆ ಹೊಲದ ಒಡ್ಡು ನಿಂತಿತೋ ಇಲ್ಲವೋ ಎಂದು ಯಾರೂ ಕೇಳುವುದಿಲ್ಲ. ಒಡ್ಡು ನಿಂತದ್ದಕ್ಕೇ ಮಣ್ಣು ಹಳ್ಳದ ಪಾಲಾಗಲಿಲ್ಲ, ತೇವ ಉಳಿಯಿತು, ಕಾಯಿ ತುಂಬಿತು. ಆದರೂ ಅದು ಚೀಲದ ಲೆಕ್ಕದಲ್ಲಿ ಬರುವುದಿಲ್ಲ. ಒಡೆದ ದಿನ ಮಾತ್ರ ನೆನಪಾಗುತ್ತದೆ, ಅದೂ ಬೈಗುಳದ ಜೊತೆ.

ಚಿಕ್ಕವರಿದ್ದಾಗ ಶಾಲೆಯ ಬಯಲಿನಲ್ಲಿ ನಾವು ಚೆಂಡು ಒದೆಯುತ್ತಿದ್ದೆವು. ಎರಡು ಕಲ್ಲು ಇಟ್ಟರೆ ಅದೇ ಗೋಲು. ಓಡಲು ಬಾರದ ನನ್ನಂಥವನಿಗೆ ದೊಡ್ಡ ಹುಡುಗರು ಹೇಳುತ್ತಿದ್ದರು, "ಏ ತಮ್ಮಾ, ನೀ ಹಿಂದ ನಿಂದ್ರು. ಬಾಲ್ ಬಂದ್ರ ಒದಿ, ಅಷ್ಟ." ಹಿಂದೆ ನಿಲ್ಲುವುದೆಂದರೆ ಕೈಲಾಗದವರ ಜಾಗ ಎಂದೇ ನಾನು ಬಹಳ ವರ್ಷ ತಿಳಿದಿದ್ದೆ. ನಿಂತು ನಿಂತು ಬೇಸರವಾಗಿ ಪಕ್ಕದ ಹೊಲದ ತೊಗರಿ ಕೂಳೆ ಎಣಿಸುತ್ತಿದ್ದೆ. ಅಷ್ಟರಲ್ಲಿ ಚೆಂಡು ಕಲ್ಲುಗಳ ನಡುವೆ ದಾಟಿಹೋದರೆ, ಅಲ್ಲಿಯವರೆಗೆ ನಾನು ಇದ್ದೇನೆಂಬುದೇ ಗೊತ್ತಿಲ್ಲದವರೆಲ್ಲ ಒಟ್ಟಿಗೆ ನನ್ನ ಹೆಸರು ಕೂಗುತ್ತಿದ್ದರು.

ಫುಟ್‌ಬಾಲಿನ ಇತಿಹಾಸವೂ ಹೀಗೇ ಮಾಡುತ್ತದೆ. 1948ರ ಜುಲೈ 31. ಲಂಡನ್ ಒಲಿಂಪಿಕ್ಸ್. ಸ್ವತಂತ್ರ ಭಾರತದ ತಂಡ ಫ್ರಾನ್ಸ್ ಎದುರು ಇಳಿಯಿತು. ನಮ್ಮವರಲ್ಲಿ ಹೆಚ್ಚಿನವರದು ಬರಿಗಾಲು. ನಮ್ಮ ಪರ ಒಂದು ಗೋಲು ಹೊಡೆದವರು ಕರ್ನಾಟಕದವರೇ ಆದ ಸಾರಂಗಪಾಣಿ ರಾಮನ್. ಆಗ ಇನ್ನೂ ಮೈಸೂರು ಅನ್ನುತ್ತಿದ್ದ ಕಾಲ. ಆಟ ಮುಗಿಯಲು ನಿಮಿಷವೊಂದು ಉಳಿದಿರುವಾಗ ಫ್ರಾನ್ಸ್ ಎರಡನೆಯ ಗೋಲು ಹೊಡೆದು ಗೆದ್ದಿತು. ರಾಮನ್ ಅವರ ಹೆಸರು ದಾಖಲೆಯಲ್ಲಿದೆ, ಇರಲೇಬೇಕು. ಆದರೆ ಬೂಟು ತೊಟ್ಟ ಫ್ರೆಂಚರನ್ನು ಅಲ್ಲಿಯವರೆಗೆ ಒಂದೇ ಗೋಲಿಗೆ ಹಿಡಿದು ನಿಲ್ಲಿಸಿದ ಶೈಲೇನ್ ಮನ್ನಾ, ತಾಜ್ ಮಹಮ್ಮದ್ ಅವರನ್ನು ಎಷ್ಟು ಜನ ಬಲ್ಲರು? ಮನ್ನಾ ಅವರ ವಿಷಯ ಬಂದರೆ ಆ ದಿನ ಅವರ ಪೆನಾಲ್ಟಿ ಒದೆತ ಗೋಲಾಗಲಿಲ್ಲ ಅನ್ನುವುದೇ ಮೊದಲು ನೆನಪಾಗುತ್ತದೆ. ತಡೆದದ್ದಕ್ಕೆ ಅಂಕಪಟ್ಟಿಯಲ್ಲಿ ಮನೆಯೇ ಇಲ್ಲ.

ಅದೇ ಫ್ರಾನ್ಸಿನ ಒಬ್ಬ ರಕ್ಷಣಾ ಆಟಗಾರನ ಕಥೆ ಇವತ್ತು ಹೇಳಬೇಕು. ಹೆಸರು ಲಿಲಿಯಾನ್ ಥುರಾಮ್. ಹುಟ್ಟಿದ್ದು 1972ರಲ್ಲಿ, ಕೆರಿಬಿಯನ್ ಸಮುದ್ರದ ಗ್ವಾಡಲೂಪ್ ದ್ವೀಪದಲ್ಲಿ. ಅದು ಕಬ್ಬಿನ ನಾಡು. ಫ್ರೆಂಚರು ಆಫ್ರಿಕದಿಂದ ಗುಲಾಮರನ್ನು ತಂದು ಕಬ್ಬು ಬೆಳೆಸಿದ ನೆಲ. ಐದು ಮಕ್ಕಳನ್ನು ತಾಯಿ ಒಬ್ಬಳೇ ದುಡಿದು ಸಾಕಿದಳು. ಹುಡುಗ ಒಂಬತ್ತು ವರ್ಷದವನಿದ್ದಾಗ ಕುಟುಂಬ ಪ್ಯಾರಿಸ್ ಕಡೆಗೆ ಬಂತು. ಅಲ್ಲಿನ ಶಾಲೆಯಲ್ಲಿ ಮಕ್ಕಳು ಅವನನ್ನು ಟಿವಿಯ ಕಾರ್ಟೂನಿನ ಒಂದು ಕಪ್ಪು ಹಸುವಿನ ಹೆಸರಿನಿಂದ ಕರೆದರು. ಆ ಕಾರ್ಟೂನಿನಲ್ಲಿ ಕಪ್ಪು ಹಸು ದಡ್ಡ, ಬಿಳಿ ಹಸು ಜಾಣ. ಮನೆಗೆ ಬಂದು ತಾಯಿಯನ್ನು ಕೇಳಿದರೆ, ಜನ ಇರುವುದೇ ಹಾಗೆ, ಅದು ಬದಲಾಗುವುದಿಲ್ಲ ಎಂದಳಂತೆ. ಬಡವರ ಮನೆಯ ತಾಯಿ ಮತ್ತೇನು ಹೇಳಿಯಾಳು? ಆ ಉತ್ತರ ಮಾತ್ರ ಹುಡುಗನಿಗೆ ಒಪ್ಪಿಗೆಯಾಗಲಿಲ್ಲ.

ಮುಂದೆ ಆತ ಮೊನಾಕೊ, ಪಾರ್ಮಾ, ಯುವೆಂಟಸ್, ಬಾರ್ಸಿಲೋನಾ ಕ್ಲಬ್‌ಗಳಿಗೆ ಆಡಿದ. ಫ್ರಾನ್ಸ್ ದೇಶಕ್ಕಾಗಿ 142 ಪಂದ್ಯ ಆಡಿದ. ಆ 142 ಪಂದ್ಯಗಳಲ್ಲಿ ಹೊಡೆದ ಗೋಲು ಎಷ್ಟು ಗೊತ್ತೇ? ಎರಡು. ಎರಡೂ ಒಂದೇ ದಿನ.

ಆ ದಿನ 1998ರ ಜುಲೈ 8. ವಿಶ್ವಕಪ್ ಸೆಮಿಫೈನಲ್, ಎದುರಾಳಿ ಕ್ರೊವೇಷಿಯಾ. ಹಿಂದಿನ ಸಾಲಿನ ಆಟಗಾರರು ಒಟ್ಟಿಗೆ ಮುಂದೆ ಸರಿದರೆ, ಅವರ ಬೆನ್ನ ಹಿಂದೆ ಉಳಿದ ಎದುರಾಳಿಗೆ ಚೆಂಡು ಕೊಡುವಂತಿಲ್ಲ. ಅದನ್ನು ಆಫ್‌ಸೈಡ್ ಎನ್ನುತ್ತಾರೆ. ಒಬ್ಬ ತಡ ಮಾಡಿದರೂ ಸಾಲು ಮುರಿಯಿತು. ವಿರಾಮ ಮುಗಿದು ಆಟ ಶುರುವಾದ ನಿಮಿಷದಲ್ಲೇ ಥುರಾಮ್ ತಡ ಮಾಡಿದ. ಕ್ರೊವೇಷಿಯಾದ ಶುಕೆರ್ ನುಗ್ಗಿ ಗೋಲು ಹೊಡೆದ. ತುಂಬಿದ ಮೈದಾನ, ತನ್ನದೇ ದೇಶ, ತನ್ನದೇ ತಪ್ಪು. ಒಡ್ಡು ಒಡೆದಿತ್ತು.

ಆಮೇಲೆ ಆತ ಮಾಡಿದ್ದನ್ನು ನೋಡಿ. ನೇರ ಎದುರಾಳಿಯ ಗೋಲಿನ ಬಳಿಗೇ ಓಡಿದ. ಅಲ್ಲಿ ಬೋಬಾನ್ ಎಂಬ ನಾಯಕನ ಕಾಲಿನಿಂದ ಚೆಂಡು ಕಸಿದ. ಕಸಿಯುವುದು ಅವನು ದಿನಾ ಮಾಡುವ ಕೆಲಸ, ಅಂದು ಮಾಡಿದ ಜಾಗ ಮಾತ್ರ ಬೇರೆ. ಜೊತೆಗಾರನಿಗೆ ಕೊಟ್ಟು, ಮರಳಿ ಪಡೆದು, ಗೋಲಿಗೆ ಒದ್ದ. ತಪ್ಪು ನಡೆದು ಒಂದೇ ನಿಮಿಷ ಕಳೆದಿತ್ತು, ಸಮ ಆಯಿತು. ಇನ್ನು ಇಪ್ಪತ್ತು ಚಿಲ್ಲರೆ ನಿಮಿಷಕ್ಕೆ ಮತ್ತೊಂದು, ಅದೂ ಅಷ್ಟಾಗಿ ಪಳಗದ ಎಡಗಾಲಿನಿಂದ. ಮೊಣಕಾಲೂರಿ, ತುಟಿಯ ಮೇಲೆ ಬೆರಳಿಟ್ಟು, ತನಗೇ ನಂಬಿಕೆಯಿಲ್ಲದವನಂತೆ ಕುಳಿತುಬಿಟ್ಟ. ಫ್ರಾನ್ಸ್ 2-1ರಿಂದ ಗೆದ್ದು, ನಾಲ್ಕು ದಿನದ ನಂತರ ಬ್ರೆಜಿಲ್ ತಂಡವನ್ನು ಸೋಲಿಸಿ ವಿಶ್ವಕಪ್ ಎತ್ತಿತು.

ಜಗತ್ತು ಇವತ್ತಿಗೂ ಆ ಎರಡು ಗೋಲುಗಳನ್ನು ಹಾಡಿ ಹೊಗಳುತ್ತದೆ. ನನಗೆ ಇನ್ನೊಂದು ಲೆಕ್ಕ ದೊಡ್ಡದಾಗಿ ಕಾಣುತ್ತದೆ. ಆ ವಿಶ್ವಕಪ್ಪಿನ ಏಳು ಪಂದ್ಯಗಳಲ್ಲಿ ಫ್ರಾನ್ಸ್ ಬಿಟ್ಟುಕೊಟ್ಟ ಗೋಲು ಒಟ್ಟು ಎರಡೇ. ಉಳಿದ 141 ಪಂದ್ಯಗಳಲ್ಲಿ ಈ ಮನುಷ್ಯ ಒಂದೂ ಗೋಲು ಹೊಡೆಯಲಿಲ್ಲ. ಆದರೂ ಹದಿನಾಲ್ಕು ವರ್ಷ ದೇಶ ಅವನನ್ನು ಕರೆಯುತ್ತಲೇ ಇತ್ತು. ಏಕೆಂದರೆ ಅವನು ಇದ್ದ ಕಡೆ ಏನೂ ಆಗುತ್ತಿರಲಿಲ್ಲ. ಏನೂ ಆಗದಂತೆ ನೋಡಿಕೊಳ್ಳುವುದೇ ಕಾಯುವವನ ಫಸಲು.

ಇಲ್ಲಿಗೆ ಕಥೆ ಮುಗಿಸಬಹುದಿತ್ತು. ಆದರೆ ಏನನ್ನು ಕಾಯಬೇಕು, ಯಾರಿಗಾಗಿ ಎಂಬ ಪ್ರಶ್ನೆ ಉಳಿಯುತ್ತದೆ. ಅದಕ್ಕೆ ಉತ್ತರ ನಮ್ಮ ಸೀಮೆಯಲ್ಲೇ ಇದೆ. ಕಲಬುರಗಿಯ ಶರಣಬಸವೇಶ್ವರರು ಹುಟ್ಟಿದ ಅರಳಗುಂಡಗಿ ಜೇವರ್ಗಿ ಸೀಮೆಯದೇ. ಜೋಳದ ಹೊಲ ಕಾಯಲು ಕಳಿಸಿದರೆ ಅವರು ಕವಣೆ ಬೀಸದೆ, ಹಕ್ಕಿಗಳಿಗೆ ತಿನ್ನಲು ಬಿಟ್ಟು, ಕುಡಿಯಲು ನೀರನ್ನೂ ಇಟ್ಟರೆಂದು ಹಿರಿಯರು ಹೇಳುತ್ತ ಬಂದಿದ್ದಾರೆ. ಹೊಲ ಕಾಯಲು ಹೋದವರು ಜೀವ ಕಾದರು.

ಥುರಾಮ್ ಕೂಡ ಗೋಲು ಕಾಯುವುದಕ್ಕೇ ನಿಲ್ಲಲಿಲ್ಲ. 2008ರಲ್ಲಿ ಹೃದಯದ ತೊಂದರೆ ಕಾಣಿಸಿಕೊಂಡು ಆತ ಆಟ ನಿಲ್ಲಿಸಿದ. ಅದೇ ವರ್ಷ ಮಕ್ಕಳಿಗೆ ಜನಾಂಗಭೇದದ ವಿರುದ್ಧ ಪಾಠ ಹೇಳುವ ಪ್ರತಿಷ್ಠಾನ ಕಟ್ಟಿದ. ಶಾಲೆ ಶಾಲೆಗೆ ಹೋದ. ಹುಟ್ಟುತ್ತಲೇ ಯಾರೂ ಭೇದ ಕಲಿತಿರುವುದಿಲ್ಲ, ದೊಡ್ಡವರು ಕಲಿಸುತ್ತಾರೆ ಎನ್ನುವುದು ಆತನ ಮಾತಿನ ತಿರುಳು. ಕಪ್ಪು ಹಸು ಎನಿಸಿಕೊಂಡ ಹುಡುಗ, ಮತ್ತೊಂದು ಮಗು ಹಾಗೆ ಅನಿಸಿಕೊಳ್ಳಬಾರದೆಂದು ಅಡ್ಡ ನಿಂತ. ಗೋಲು ಕಾಯಲು ಕಲಿತ ಕಾಲು ಹೀಗೆ ಮಕ್ಕಳ ಮಾನ ಕಾಯಲು ನಡೆಯಿತು. ಕರ್ರಗೆ, ಬೆಳ್ಳಗೆ, ಮೇಲೆ, ಕೆಳಗೆ ಎಂದು ಮಕ್ಕಳ ಬಾಯಲ್ಲಿ ಮಾತು ಬಂದಾಗ ನಮ್ಮ ಊರುಗಳಲ್ಲಿ ಅಡ್ಡ ನಿಲ್ಲುವವರು ಎಷ್ಟು ಜನ ಇದ್ದೇವೆ, ನಮ್ಮನ್ನು ನಾವೇ ಕೇಳಿಕೊಳ್ಳಬೇಕು.

ಕೇಳುಗರೇ, ನಮ್ಮ ಮನೆಯಲ್ಲೂ ಓಣಿಯಲ್ಲೂ ಹಿಂದೆ ನಿಂತವರು ಇದ್ದಾರೆ. ರಾತ್ರಿ ಮಳೆಯಲ್ಲಿ ಕಂಬ ಹತ್ತಿದ ಲೈನ್‌ಮನ್. ಮಕ್ಕಳಿಗೆ ಲಸಿಕೆ ತಪ್ಪದಂತೆ ಮನೆಮನೆ ಸುತ್ತುವ ಆಶಾ ಕಾರ್ಯಕರ್ತೆ. ಕಾಡುಹಂದಿ ಬರುತ್ತದೆಂದು ಹೊಲದಲ್ಲಿ ನಿದ್ದೆಗೆಟ್ಟ ಅಪ್ಪ. ಸಾಲದ ಸುದ್ದಿ ಮಕ್ಕಳ ಕಿವಿಗೆ ಬೀಳದಂತೆ ನಗುತ್ತಾ ರೊಟ್ಟಿ ಬಡಿಯುವ ಅವ್ವ. ಅವರು ತಪ್ಪಿದ ದಿನ ಮಾತ್ರ ನಾವು ಅವರ ಹೆಸರು ಕೂಗುತ್ತೇವೆ.

ಇವತ್ತು ಅವರಲ್ಲಿ ಒಬ್ಬರನ್ನಾದರೂ, ಏನೂ ತಪ್ಪಾಗದ ಈ ದಿನವೇ, ಹೆಸರು ಹಿಡಿದು ಕರೆದು ಮಾತಾಡಿಸಿ. ಹೊಲಕ್ಕೆ ಹೋದರೆ ಒಡ್ಡಿನ ಮೇಲೊಮ್ಮೆ ನಡೆದು ಬನ್ನಿ. ಎಲ್ಲಿ ಸಡಿಲಾಗಿದೆಯೋ ಅಲ್ಲಿ ಒಂದು ಬುಟ್ಟಿ ಮಣ್ಣು ಹಾಕಿ.