ಹನಿ ತೈಲದ ಪಾಠ

(ಆಯುಧಪೂಜೆಯ ಮುನ್ನಾದಿನ ಶಾಲೆಯಲ್ಲಿ ಸೇರಿದ್ದ ವಿದ್ಯಾರ್ಥಿಗಳ ಮತ್ತು ಪೋಷಕರ ಸಭೆಯಲ್ಲಿ ಮುಖ್ಯೋಪಾಧ್ಯಾಯರು ಮಾಡಿದ ಭಾಷಣ)



ನಾಳೆ ಆಯುಧಪೂಜೆ. ನೇಗಿಲು ಕುಡುಗೋಲುಗಳಿಂದ ಹಿಡಿದು ಟ್ರ್ಯಾಕ್ಟರು, ಲಾರಿ, ಮೋಟಾರು ಸೈಕಲ್ಲುಗಳವರೆಗೆ ನಮ್ಮ ಬದುಕಿಗೆ ಆಧಾರವಾದ ಸಾಧನಗಳನ್ನೆಲ್ಲ ತೊಳೆದು, ಅರಿಸಿನ ಕುಂಕುಮಗಳನ್ನಿಟ್ಟು, ಹೂಮಾಲೆ ಹಾಕಿ, ಚಕ್ರದ ಕೆಳಗೆ ನಿಂಬೆಹಣ್ಣನ್ನಿರಿಸಿ ನಮಸ್ಕರಿಸುವ ದಿನ. ಈ ಸಂದರ್ಭದಲ್ಲಿ ಹಬ್ಬದ ಪೌರಾಣಿಕ ಮಹತ್ವವನ್ನು ಕುರಿತು ಮಾತನಾಡುವುದು ರೂಢಿ. ಅದನ್ನು ನಮಗಿಂತ ಚೆನ್ನಾಗಿ ಬಲ್ಲ ಹಿರಿಯರು ಈ ಸಭೆಯಲ್ಲಿಯೇ ಇದ್ದಾರೆ. ಆದ್ದರಿಂದ ನಾವು ಬಹು ಚಿಕ್ಕದಾದ ಒಂದು ವಸ್ತುವನ್ನು ಕುರಿತು ನಾಲ್ಕು ಮಾತು ಹೇಳಬಯಸುತ್ತೇವೆ. ಅದು ಹಳೆಯ ಮೋಟಾರು ಕಾರಿನ ಗೇರ್ ಬಾಕ್ಸಿನ ಹಿಂದಿನ ಬಾಯಲ್ಲಿ ಕುಳಿತಿರುವ, ಕೈಬಳೆಗಿಂತ ಚಿಕ್ಕದಾದ ಒಂದು ಉಂಗುರ. ಗ್ಯಾರೇಜಿನವರು ಅದನ್ನು ಆಯಿಲ್ ಸೀಲ್ ಎನ್ನುತ್ತಾರೆ.

ನಮ್ಮ ಸಂಘದ ಹಳೆಯ ಕಾರಿನ ಅಡಿಯಲ್ಲಿ ಕೆಲವು ಕಾಲದಿಂದ ತೈಲ ತೊಟ್ಟಿಕ್ಕುತ್ತಿದ್ದುದನ್ನು ನೀವೆಲ್ಲರೂ ನೋಡಿದ್ದೀರಿ. ಹಿಂದಿನ ವರ್ಷವೇ ಒಂದು ಕಾರ್ಯಾಗಾರದಲ್ಲಿ ಸೀಲನ್ನು ಬದಲಾಯಿಸಿ ಕೊಟ್ಟಿದ್ದರು. ಕೆಲವೇ ತಿಂಗಳುಗಳಲ್ಲಿ ಹನಿ ಮತ್ತೆ ಕಾಣಿಸಿಕೊಂಡಿತು. ಈ ಬಾರಿ ಗ್ಯಾರೇಜು ನಡೆಸುವ ಪೋಷಕರೊಬ್ಬರು ಶಾಲೆಯ ಅಂಗಳಕ್ಕೇ ಬಂದು, ಮೇಲಿನ ತರಗತಿಯ ಮಕ್ಕಳ ಕಣ್ಣೆದುರಿಗೆ ಆ ಕೆಲಸವನ್ನು ಮಾಡಿದರು. ಅವರಿಗೆ ಶಾಲೆಯ ಪರವಾಗಿ ನಮ್ಮ ಕೃತಜ್ಞತೆಗಳು. ಆ ದಿನ ಮಕ್ಕಳು ಕಲಿತದ್ದು ಪೋಷಕರಿಗೂ ತಿಳಿಯಲೆಂಬುದೇ ಈ ಭಾಷಣದ ಉದ್ದೇಶ.

ಒಂದು ಹನಿ ತೈಲಕ್ಕೆ ಇಷ್ಟೊಂದು ಗಮನವೇಕೆ ಎಂದು ಯಾರಾದರೂ ಕೇಳಬಹುದು. ತಾಳವಾಡಿ ಸೀಮೆಯವರಾದ ನಮಗೆ ಸತ್ಯಮಂಗಲಕ್ಕೆ ಹೋಗಬೇಕಾದರೆ ದಿಂಬಂ ಘಾಟಿಯನ್ನು ಇಳಿಯಲೇಬೇಕು. ಅಲ್ಲಿರುವುದು 27 ಕಡಿದಾದ ತಿರುವುಗಳು. ಇಳಿಜಾರಿನಲ್ಲಿ ಬ್ರೇಕನ್ನೇ ನಂಬಿ ಹೋದರೆ ಅದು ಕಾದು ಹಿಡಿತವನ್ನು ಕಳೆದುಕೊಳ್ಳುತ್ತದೆ. ಆದುದರಿಂದ ಬಲ್ಲ ಚಾಲಕನು ಕೆಳಗಿನ ಗೇರಿನಲ್ಲಿಯೇ ಗಾಡಿಯನ್ನು ಇಳಿಸುತ್ತಾನೆ. ಆಗ ಗಾಡಿಯ ಭಾರವನ್ನು ಹಿಡಿದು ನಿಲ್ಲಿಸುವ ಒತ್ತಡವೆಲ್ಲ ಗೇರ್ ಬಾಕ್ಸಿನ ಹಲ್ಲುಗಳ ಮೂಲಕವೇ ಎಂಜಿನ್ನಿಗೆ ಹೋಗಬೇಕು. ಆ ಹಲ್ಲುಗಳ ನಡುವೆ ತೈಲದ ತೆಳ್ಳನೆಯ ಪೊರೆ ಇಲ್ಲದೆ ಹೋದರೆ ಲೋಹವು ಲೋಹವನ್ನು ತಿನ್ನುತ್ತದೆ. ಬೇರಿಂಗುಗಳು ಕಾದು ಬಿಗಿದುಕೊಂಡರೆ ಹಿಂದಿನ ಚಕ್ರಗಳು ತಿರುವಿನಲ್ಲಿಯೇ ಕಚ್ಚಿ ನಿಂತುಬಿಡಬಹುದು. ಎಂಜಿನ್ ತೈಲದ ಒತ್ತಡ ಕುಸಿದರೆ ಚಾಲಕನ ಮುಂದೆ ಕೆಂಪು ದೀಪವಾದರೂ ಹೊತ್ತೀತು. ಇಂಥ ಹಳೆಯ ಕಾರುಗಳ ಗೇರ್ ಬಾಕ್ಸಿಗೆ ಅಂಥ ದೀಪವಿಲ್ಲ. ನೆಲದ ಮೇಲೆ ಬಿದ್ದ ಹನಿಯೇ ಅದು ಕೊಡುವ ಎಚ್ಚರಿಕೆ.

ಈಗ ಯಂತ್ರದ ರಚನೆಯನ್ನು ನೋಡೋಣ. 1950ರ ದಶಕದ ಕೊನೆಯಿಂದ 2014ರವರೆಗೆ ಪಶ್ಚಿಮ ಬಂಗಾಳದ ಉತ್ತರಪಾಡಾದಲ್ಲಿ ತಯಾರಾಗುತ್ತಿದ್ದ ಅಂಬಾಸಿಡರ್ ಕಾರನ್ನು ನೀವೆಲ್ಲರೂ ಬಲ್ಲಿರಿ. ಅಂಥ ಹಳೆಯ ಮಾದರಿಯ ಕಾರುಗಳಲ್ಲಿ ಎಂಜಿನ್ ಮುಂದೆ, ಗಾಡಿಯನ್ನು ತಳ್ಳುವ ಚಕ್ರಗಳು ಹಿಂದೆ. ಎಂಜಿನ್ನಿನ ಬೆನ್ನಿಗೆ ಗೇರ್ ಬಾಕ್ಸು. ಅಲ್ಲಿಂದ ಹಿಂದಿನ ಅಚ್ಚಿನವರೆಗೆ ಪ್ರೊಪೆಲ್ಲರ್ ಶಾಫ್ಟ್ ಎಂಬ ಉದ್ದವಾದ ಉಕ್ಕಿನ ಕೊಳವೆ. ರಸ್ತೆಯ ಗುಂಡಿಗಳಲ್ಲಿ ಹಿಂದಿನ ಚಕ್ರಗಳು ಏರಿಳಿಯುವಾಗ ಈ ಶಾಫ್ಟಿನ ಉದ್ದವು ತುಸು ಹೆಚ್ಚು ಕಡಮೆಯಾಗಬೇಕಾಗುತ್ತದೆ. ಅದಕ್ಕಾಗಿ ನಮ್ಮ ಕಾರಿನಲ್ಲಿ ಅದರ ಮುಂತುದಿಯು ಗೇರ್ ಬಾಕ್ಸಿನ ಹಿಂಬಾಯಿಯೊಳಗೆ ಸೇರಿಕೊಂಡು, ತಿರುಗುತ್ತಲೇ ಹಿಂದೆ ಮುಂದೆ ಜಾರುವಂತೆ ಮಾಡಿದ್ದಾರೆ. ಶಾಫ್ಟು ತಿರುಗಬೇಕು, ಜಾರಬೇಕು, ಆದರೆ ಒಳಗಿನ ತೈಲ ಹೊರಗೆ ಬರಬಾರದು, ಹೊರಗಿನ ಧೂಳು ಒಳಗೆ ಹೋಗಬಾರದು. ಇಷ್ಟನ್ನೂ ಆ ಉಂಗುರವೊಂದೇ ನಿರ್ವಹಿಸುತ್ತದೆ.

ಸೀಲಿನ ಹೊರಮೈ ಲೋಹದ ಬಳೆ. ಅದು ತನ್ನ ಗೂಡಿನಲ್ಲಿ ಬಿಗಿಯಾಗಿ ಕೂರುತ್ತದೆ. ಒಳಗಡೆ ರಬ್ಬರಿನ ತೆಳ್ಳನೆಯ ತುಟಿ. ಆ ತುಟಿಯ ಬೆನ್ನಿಗೆ ಸೂಕ್ಷ್ಮವಾದ ಸುರುಳಿ ಸ್ಪ್ರಿಂಗೊಂದು ಸುತ್ತಿಕೊಂಡಿದ್ದು, ತುಟಿಯನ್ನು ಶಾಫ್ಟಿನ ಮೇಲೆ ಹಗುರವಾಗಿ ಒತ್ತಿ ಹಿಡಿಯುತ್ತದೆ. ರಬ್ಬರಿಗೆ ಮುಂಚೆ ಈ ಕೆಲಸವನ್ನು ಚರ್ಮದ ಸೀಲುಗಳು ಮಾಡುತ್ತಿದ್ದವು. ತುಟಿಯು ಶಾಫ್ಟನ್ನು ಒಣದಾಗಿ ಉಜ್ಜುವುದಿಲ್ಲ. ಕಣ್ಣಿಗೆ ಕಾಣದಷ್ಟು ತೆಳುವಾದ ತೈಲದ ಪೊರೆಯ ಮೇಲೆ ನಿಂತಿರುತ್ತದೆ. ಯಾವ ತೈಲವನ್ನು ತಡೆಯಬೇಕೋ ಅದೇ ತೈಲದಿಂದ ಅದರ ಬಾಳಿಕೆ.

ವಿದ್ಯಾರ್ಥಿಗಳೇ, ಒಂದು ಲೆಕ್ಕ ಮಾಡಿರಿ. ತುಟಿ ಕೂರುವ ಭಾಗದ ವ್ಯಾಸ 38 ಮಿಲಿಮೀಟರ್ ಎಂದಿಟ್ಟುಕೊಳ್ಳೋಣ. ಸುತ್ತಳತೆ ಸುಮಾರು 119 ಮಿಲಿಮೀಟರ್. ಶಾಫ್ಟು ನಿಮಿಷಕ್ಕೆ 3,000 ಸುತ್ತು, ಅಂದರೆ ಸೆಕೆಂಡಿಗೆ 50 ಸುತ್ತು ತಿರುಗಿದರೆ, ಪ್ರತಿ ಸೆಕೆಂಡಿಗೂ ಸುಮಾರು 6 ಮೀಟರಿನಷ್ಟು ಉಕ್ಕು ಆ ತುಟಿಯ ಕೆಳಗೆ ಹಾಯ್ದುಹೋಗುತ್ತದೆ. ಗಂಟೆಗೆ 21 ಕಿಲೋಮೀಟರಿಗೂ ಮಿಗಿಲು! ಇನ್ನೊಂದು ಲೆಕ್ಕ: ಸ್ಥೂಲವಾಗಿ 20 ಹನಿಗೆ 1 ಮಿಲಿಲೀಟರು. ನಿಮಿಷಕ್ಕೊಂದು ಹನಿ ಸೋರಿದರೆ ದಿನಕ್ಕೆ 1,440 ಹನಿ, ಅಂದರೆ 72 ಮಿಲಿಲೀಟರು. 30 ದಿನಗಳಿಗೆ 2 ಲೀಟರಿಗೂ ಹೆಚ್ಚು. ಇಂಥ ಕಾರಿನ ಗೇರ್ ಬಾಕ್ಸು ಹಿಡಿಯುವ ತೈಲವೇ ಎರಡು ಎರಡೂವರೆ ಲೀಟರು. ಮಟ್ಟ ಇಳಿದಂತೆ ಸೋರಿಕೆಯೂ ನಿಧಾನವಾಗುವುದು ನಿಜ. ಆದರೆ ಅಷ್ಟರಲ್ಲಿ ಮೇಲಿನ ಹಲ್ಲುಗಳು ಒಣಗತೊಡಗಿರುತ್ತವೆ.

ಕೆಲಸಕ್ಕೆ ಕೈಹಾಕುವ ಮುನ್ನ ಸೋರುತ್ತಿರುವುದು ಯಾವುದು, ಎಲ್ಲಿಂದ ಎಂಬುದು ನಿಶ್ಚಯವಾಗಬೇಕು. ಕಾರಿನ ಅಡಿಭಾಗವನ್ನು ಒರೆಸಿ ಸ್ವಚ್ಛಗೊಳಿಸಿ, ಸ್ವಲ್ಪ ದೂರ ಓಡಿಸಿ ತಂದು, ರಾತ್ರಿ ಅದರ ಕೆಳಗೆ ಹಳೆಯ ವೃತ್ತಪತ್ರಿಕೆಗಳನ್ನು ಹಾಸಲಾಯಿತು. ಬೆಳಿಗ್ಗೆ ಮಕ್ಕಳು ಕಲೆಗಳ ಸ್ಥಾನವನ್ನು ಗುರುತಿಸಿ ನಕ್ಷೆ ಬರೆದರು. ಬಳಸಿದ ಎಂಜಿನ್ ತೈಲ ಕಪ್ಪಾಗಿರುತ್ತದೆ. ಗೇರ್ ತೈಲ ಸಾಮಾನ್ಯವಾಗಿ ಅದಕ್ಕಿಂತ ಮಂದವಾಗಿದ್ದು ಗಂಧಕದಂಥ ಘಾಟು ವಾಸನೆಯುಳ್ಳದ್ದು. ಕಲೆ ಗೇರ್ ಬಾಕ್ಸಿನ ಹಿಂತುದಿಯ ನೇರ ಕೆಳಗೇ ಇದ್ದಿತು, ವಾಸನೆಯೂ ಗೇರ್ ತೈಲದ್ದೇ. ಹೀಗೆ ನೋಡುವುದು, ಮೂಸುವುದು, ಬರೆದಿಡುವುದು, ಆ ಬಳಿಕವೇ ತೀರ್ಮಾನಿಸುವುದು: ವಿಜ್ಞಾನದ ಪಾಠದಲ್ಲಿ ನಾವು ಹೇಳಿಕೊಡುವ ಕ್ರಮವೂ ಇದೇ ಅಲ್ಲವೇ?

ಇನ್ನು ಕಾರ್ಯವಿಧಾನ. ಗಾಡಿಯನ್ನು ಸಮತಟ್ಟಾದ ಗಟ್ಟಿ ನೆಲದಲ್ಲಿ ನಿಲ್ಲಿಸಿ ಮುಂದಿನ ಚಕ್ರಗಳಿಗೆ ಹಿಂದೆಯೂ ಮುಂದೆಯೂ ಅಡೆ ಕೊಡಬೇಕು. ಗೇರಿನಲ್ಲಿ ನಿಲ್ಲಿಸಿದ್ದೇವೆಂಬ ಧೈರ್ಯ ಇಲ್ಲಿ ಸಲ್ಲದು; ಪ್ರೊಪೆಲ್ಲರ್ ಶಾಫ್ಟನ್ನು ಕಳಚಿದೊಡನೆ ಗೇರಿಗೂ ಚಕ್ರಕ್ಕೂ ಸಂಬಂಧವೇ ಕಡಿದುಹೋಗುತ್ತದೆ. ಹಿಂಭಾಗವನ್ನು ಜಾಕಿನಿಂದ ಎತ್ತಿದ ಮೇಲೆ ಗಟ್ಟಿಯಾದ ಸ್ಟ್ಯಾಂಡುಗಳ ಮೇಲೆ ಇಳಿಸಬೇಕು. ಕೇವಲ ಜಾಕಿನ ಮೇಲೆ ನಿಂತ ಗಾಡಿಯ ಕೆಳಗೆ ಯಾರೂ, ಒಂದು ನಿಮಿಷದ ಮಟ್ಟಿಗೂ, ನುಸುಳಕೂಡದು. ಮಕ್ಕಳೇ, ಈ ಭಾಷಣದಲ್ಲಿ ಬೇರೇನನ್ನು ಮರೆತರೂ ಈ ಮಾತನ್ನು ಮರೆಯಬೇಡಿರಿ.

ತೈಲವನ್ನು ಬಸಿಯುವ ಮೊದಲು, ತುಂಬುವ ತೂತಿನ ಬಿರಟೆಯನ್ನು ಸಡಿಲಿಸಿ ನೋಡಬೇಕು. ಬಸಿದಾದ ಮೇಲೆ ಆ ಬಿರಟೆ ಬಿಚ್ಚದೆ ಹೋದರೆ ಹೊಸ ತೈಲ ತುಂಬುವುದಕ್ಕೆ ದಾರಿಯೇ ಇಲ್ಲ. ಅನಂತರ ಶಾಫ್ಟಿನ ಹಿಂತುದಿಯ ಜೋಡಣೆಯಲ್ಲಿ ಎರಡು ಭಾಗಗಳಿಗೂ ಸೇರುವಂತೆ ಬಣ್ಣದ ಗುರುತು ಹಾಕಬೇಕು. ಬಿಚ್ಚಿದುದನ್ನು ಅದೇ ಸ್ಥಾನದಲ್ಲಿ ಕೂಡಿಸದಿದ್ದರೆ ತೂಕದ ಸಮತೋಲ ತಪ್ಪಿ ಗಾಡಿ ನಡುಗಬಹುದು. ಬೋಲ್ಟುಗಳನ್ನು ತೆಗೆದು, ಶಾಫ್ಟು ಜೋತುಬೀಳದಂತೆ ಕೈಕೊಟ್ಟು ಹಿಂದಕ್ಕೆ ಎಳೆದರೆ ಸೀಲು ಕಾಣುತ್ತದೆ. ಅದು ಎಷ್ಟು ಆಳದಲ್ಲಿದೆ, ತುಟಿಯ ಮುಖ ಯಾವ ಕಡೆಗಿದೆ ಎಂಬುದನ್ನು ನೋಡಿಟ್ಟುಕೊಂಡು, ಗೂಡಿನ ಗೋಡೆಗೆ ಗೀರು ಬೀಳದಂತೆ ಮೀಟಿ ತೆಗೆಯಬೇಕು. ಒಂದು ಗೀರು ಉಳಿದರೂ ತೈಲಕ್ಕೆ ಅದೇ ಕಾಲುವೆಯಾಗುತ್ತದೆ.

ಇಲ್ಲಿಯೇ ಕೆಲಸದ ಮರ್ಮವಿರುವುದು. ಹಳೆಯ ಸೀಲನ್ನು ತೆಗೆದೊಡನೆ ಹೊಸದನ್ನು ಬಡಿದು ಕೂರಿಸುವವರು ಅನೇಕರು. ನಮ್ಮ ಪೋಷಕರು ಹಾಗೆ ಮಾಡಲಿಲ್ಲ. ಮೊದಲು ಶಾಫ್ಟಿನ ಹೊಳಪಾದ ಭಾಗದ ಮೇಲೆ ಉಗುರಾಡಿಸಿ ನೋಡಿದರು. ವರ್ಷಗಟ್ಟಲೆ ತುಟಿ ಉಜ್ಜಿದ ಜಾಗದಲ್ಲಿ ಉಗುರಿಗೆ ಸಿಗುವಷ್ಟು ಗೀರು ಬಿದ್ದಿದ್ದರೆ ಹೊಸ ಸೀಲೂ ನಿಲ್ಲುವುದಿಲ್ಲ. ಆ ಭಾಗವನ್ನು ಬದಲಾಯಿಸಬೇಕು, ಇಲ್ಲವೇ ತೆಳುವಾದ ತೋಳನ್ನು ತೊಡಿಸಬೇಕು. ಅಲ್ಲಿ ಅಂಥ ದೋಷವಿರಲಿಲ್ಲ. ಶಾಫ್ಟನ್ನು ತುಸು ಒಳಗೆ ಸೇರಿಸಿ ಅಲುಗಿಸಿ ನೋಡಿದರು; ಅದನ್ನು ಹೊತ್ತಿರುವ ಬುಷ್ ಸವೆದಿರಲಿಲ್ಲ. ಕೊನೆಗೆ ಗೇರ್ ಬಾಕ್ಸಿನ ಮೇಲ್ಭಾಗದ ಉಸಿರುರಂಧ್ರವನ್ನು ಹುಡುಕಿದರು. ಅದು ಕೆಸರು ಜಿಡ್ಡುಗಳಿಂದ ಪೂರಾ ಮುಚ್ಚಿಹೋಗಿತ್ತು. "ಗೇರ್ ಬಾಕ್ಸ್‌ಗೆ ಉಸ್ರು ಕಟ್ಕಂಡದ ಸಾರ್, ಸೀಲು ಏನ್ ಮಾಡದು?" ಎಂದರು.

ಆ ಒಂದು ಮಾತಿನಲ್ಲಿ ಭೌತಶಾಸ್ತ್ರದ ಒಂದು ಅಧ್ಯಾಯವೇ ಅಡಗಿದೆ. ಗಾಡಿ ಓಡಿದಂತೆ ಗೇರ್ ಬಾಕ್ಸಿನೊಳಗಿನ ಗಾಳಿ ಕಾಯುತ್ತದೆ. 27 ಡಿಗ್ರಿ ಸೆಲ್ಸಿಯಸ್ ಎಂದರೆ 300 ಕೆಲ್ವಿನ್. ಅದು 87 ಡಿಗ್ರಿಗೆ ಏರಿದರೆ 360 ಕೆಲ್ವಿನ್. ಹೊರಹೋಗಲು ದಾರಿಯಿಲ್ಲದ ಗಾಳಿಯ ಒತ್ತಡ ಅದೇ ಪ್ರಮಾಣದಲ್ಲಿ, ಅಂದರೆ ಐದರಲ್ಲಿ ಒಂದು ಪಾಲಿನಷ್ಟು, ಹೆಚ್ಚಲೇಬೇಕು. ಆ ಒತ್ತಡ ದುರ್ಬಲವಾದ ದಾರಿಯನ್ನು ಹುಡುಕಿ, ಸೀಲಿನ ತುಟಿಯನ್ನು ಸರಿಸಿಕೊಂಡು ತೈಲವನ್ನು ಹೊರದೂಡುತ್ತದೆ. ಹಿಂದಿನ ವರ್ಷ ಸೀಲು ಬದಲಾಯಿತು, ಕಾರಣ ಬದಲಾಗಲಿಲ್ಲ. ಅದರಿಂದಲೇ ಹಣವೂ ಹೋಯಿತು, ಹನಿಯೂ ಉಳಿಯಿತು.

ರಂಧ್ರವನ್ನು ಶುಚಿಗೊಳಿಸಿದ ಮೇಲೆ ಉಳಿದ ಕೆಲಸ ಸುಲಭವಾಯಿತು. ಹೊಸ ಸೀಲಿನ ಮೇಲೆ ಅಚ್ಚಾಗಿದ್ದ ಒಳವ್ಯಾಸ, ಹೊರವ್ಯಾಸ, ದಪ್ಪಗಳನ್ನು ಮಕ್ಕಳು ಹಳೆಯದರೊಂದಿಗೆ ಹೋಲಿಸಿ ನೋಡಿದರು. ತುಟಿಗೆ ತೈಲ ಸವರಲಾಯಿತು. ಒಣ ತುಟಿ ಮೊದಲ ಕೆಲವು ಸುತ್ತುಗಳಲ್ಲಿಯೇ ಸುಟ್ಟುಹೋಗಬಹುದು. ಸ್ಪ್ರಿಂಗಿರುವ ಮುಖವನ್ನು ತೈಲದ ಕಡೆಗೆ, ಅಂದರೆ ಒಳಗಡೆಗೆ ಮಾಡಿ, ಸೀಲಿನ ಹೊರ ಅಂಚಿಗೆ ಮಾತ್ರ ತಾಗುವ ಕೊಳವೆಯ ತುಂಡನ್ನಿಟ್ಟು, ಸುತ್ತಲೂ ಸಮನಾಗಿ ಮೆಲ್ಲನೆ ತಟ್ಟಿ ಕೂರಿಸಿದರು. ಶಾಫ್ಟನ್ನು ಗುರುತಿಗೆ ಗುರುತು ಸೇರಿಸಿ ಬಿಗಿದು, ಗಾಡಿಯನ್ನು ಸಮತಟ್ಟಾಗಿ ನಿಲ್ಲಿಸಿ, ತುಂಬುವ ತೂತಿನ ಅಂಚಿಗೆ ಬರುವವರೆಗೆ ತೈಲ ತುಂಬಿದರು. ಹೆಚ್ಚು ತುಂಬಿದರೂ ಸೋರುತ್ತದೆಂಬುದನ್ನು ನೆನಪಿಡಿರಿ. ತೈಲವೂ ಕಾರಿನ ಕೈಪಿಡಿಯಲ್ಲಿ ಹೇಳಿದ್ದೇ ಆಗಿರಬೇಕು. ಕೆಲವು ಬಗೆಯ ಗೇರ್ ತೈಲಗಳು ಗೇರ್ ಬಾಕ್ಸಿನೊಳಗಿನ ಹಿತ್ತಾಳೆಯ ಭಾಗಗಳಿಗೆ ಹಾನಿಮಾಡುತ್ತವೆ. ಬಸಿದ ಹಳೆಯ ತೈಲವನ್ನು ಡಬ್ಬಿಯಲ್ಲಿ ತುಂಬಿ ಗ್ಯಾರೇಜಿಗೆ ಒಯ್ದರು. ಅದನ್ನು ಹೊಲದ ಬದಿಗೋ ಹಳ್ಳಕ್ಕೋ ಸುರಿಯುವುದು ದನಕರುಗಳಿಗೂ ಕಾಡಿನ ಮೃಗಗಳಿಗೂ ಮಾಡುವ ದ್ರೋಹ.

ಪೋಷಕ ಮಹನೀಯರೇ, ಈಗ ನಿಮ್ಮೊಡನೆ ಒಂದು ಮಾತು. ಕನ್ನಡದಲ್ಲಿ ಓದಿದ ಮಗುವು ಮುಂದೆ ಐ.ಟಿ.ಐ.ಯಲ್ಲಿಯೋ ಪಾಲಿಟೆಕ್ನಿಕ್ಕಿನಲ್ಲಿಯೋ ಹೇಗೆ ನಿಭಾಯಿಸೀತು ಎಂಬ ಚಿಂತೆ ನಿಮ್ಮಲ್ಲಿ ಅನೇಕರಿಗಿದೆ. ಅದು ನ್ಯಾಯವಾದ ಚಿಂತೆ. ಅದನ್ನು ನಾವು ಹಗುರವಾಗಿ ಕಾಣುವುದಿಲ್ಲ. ಆದರೆ ಆ ದಿನ ಅಂಗಳದಲ್ಲಿ ನಡೆದುದನ್ನು ಯೋಚಿಸಿ ನೋಡಿರಿ. ಸೀಲ್, ಗೇರ್, ಶಾಫ್ಟ್ ಎಂಬ ಹೆಸರುಗಳು ಕನ್ನಡದ ಗ್ಯಾರೇಜಿನಲ್ಲಿಯೂ ತಮಿಳಿನ ಗ್ಯಾರೇಜಿನಲ್ಲಿಯೂ ಒಂದೇ. ಹೆಸರುಗಳನ್ನು ಒಂದು ಗಂಟೆಯಲ್ಲಿ ಕಲಿಯಬಹುದು. ಸೀಲು ಏಕೆ ಸೋರಿತು ಎಂಬ ಕಾರಣವನ್ನು ಮಗು ತನ್ನೊಳಗೇ ವಿಚಾರಿಸಿಕೊಳ್ಳಬೇಕಾದರೆ, ಅದಕ್ಕೆ ತಾಯಿಯಿಂದ ಬಂದ ಮಾತು ಬೇಕು. "ಉಸಿರು ಕಟ್ಟಿದೆ" ಎಂಬ ಮಾತನ್ನು ಕೇಳಿದೊಡನೆ ಹಿಂದಿನ ಸಾಲಿನ ಹುಡುಗನ ಮುಖವೂ ಅರಳಿತು. ಒತ್ತಡದ ನಿಯಮವನ್ನು ನಾವು ಆಮೇಲೆ ಕಪ್ಪುಹಲಗೆಯ ಮೇಲೆ ಬರೆದದ್ದಷ್ಟೇ. ಹೀಗೆ ಬೇರು ಬಿಟ್ಟ ತಿಳಿವಳಿಕೆಯ ಮೇಲೆ ನಾವು ಬಾಳುವ ರಾಜ್ಯದ ತಮಿಳನ್ನೂ ಇಂಗ್ಲಿಷನ್ನೂ ಮಕ್ಕಳು ಶ್ರದ್ಧೆಯಿಂದ ಕಲಿಯಲಿ. ಅದಕ್ಕೆ ಬೇಕಾದ ನೆರವನ್ನು ಕೊಡುವುದು ನಮ್ಮ ಹೊಣೆ.

ಇನ್ನೊಂದು ಮಾತು. ಕೈಗೆ ಮಸಿ ಹತ್ತುವ ಕೆಲಸ ಓದು ಬಾರದವರದೆಂಬ ಭಾವನೆ ನಮ್ಮ ಮನೆಗಳಿಂದ ತೊಲಗಬೇಕು. ಲೆಕ್ಕ, ವಿಜ್ಞಾನ, ತಾಳ್ಮೆ, ಪ್ರಾಮಾಣಿಕತೆ ಇವೆಲ್ಲವೂ ಆ ಕೆಲಸದಲ್ಲಿ ಬೇಕಾದುವು. ಹೊಸ ಸೀಲು ಹಾಕಿ ಕಾಸು ಪಡೆಯುವುದು ಕೂಲಿ. ಮತ್ತೆ ಸೋರದಂತೆ ಕಾರಣವನ್ನು ಹುಡುಕುವುದು ವಿದ್ಯೆ. ಮಕ್ಕಳ ಅಂಕಗಳು ಇಳಿದಾಗ ನಾವು ಶಿಕ್ಷಕರೂ ನೀವು ತಂದೆತಾಯಿಗಳೂ ಬೈಗುಳದಿಂದ ಹನಿಯನ್ನು ಒರೆಸುವುದಕ್ಕಿಂತ, ಆ ಮಗುವಿಗೆ ಎಲ್ಲಿ ಉಸಿರು ಕಟ್ಟಿದೆ ಎಂದು ಜೊತೆಗೂಡಿ ನೋಡುವುದು ಮೇಲು.

ಕಾರು ಅಂದಿನಿಂದ ಘಾಟಿಯನ್ನು ಹಲವು ಸಲ ಇಳಿದು ಹತ್ತಿದೆ. ಅಂಗಳದ ನೆಲ ಒಣಗಿಯೇ ಇದೆ. ಆದರೂ ತಿಂಗಳಿಗೊಮ್ಮೆ ಅಡಿಯಲ್ಲಿ ಬಗ್ಗಿ ನೋಡುವ ಕೆಲಸವನ್ನು ಮೇಲಿನ ತರಗತಿಯವರಿಗೆ ವಹಿಸಿದ್ದೇವೆ. ನಿಮ್ಮ ನಿಮ್ಮ ಮನೆಗಳ ಗಾಡಿಗಳನ್ನೂ ಪಂಪುಸೆಟ್ಟುಗಳನ್ನೂ ಇದೇ ಬಗೆಯ ಕಣ್ಣಿನಿಂದ ನೋಡುವ ಅಭ್ಯಾಸವನ್ನು ಮಕ್ಕಳು ಬೆಳೆಸಿಕೊಳ್ಳಲಿ ಎಂದು ಹಾರೈಸುತ್ತೇವೆ.