ಸುರಪುರದ ‘ಅಪ್ಪ’ ಬರೆದ ಕಾದಂಬರಿಗಳು

(ಬೋರಗಾಂವದಲ್ಲಿ ಮಾಡಿದ ಭಾಷಣ)



ಬೋರಗಾಂವದವರಿಗೆ ತುಳಜಾಪುರದ ದಾರಿಯನ್ನು ಯಾರೂ ಹೇಳಿಕೊಡಬೇಕಾಗಿಲ್ಲ. ಕನ್ನಡ, ಮರಾಠಿ ಎರಡನ್ನೂ ಆಡುವ ಈ ಸೀಮೆಯಿಂದ ಅಂಬಾಭವಾನಿಯ ದರ್ಶನಕ್ಕೆ ಹೋಗುವವರು ಬಹಳ. ಅದೇ ತುಳಜಾಪುರವನ್ನು, ನಮ್ಮನ್ನು ಒಂದು ಕಾಲಕ್ಕೆ ಆಳಿದ ವಿಜಾಪುರವನ್ನು ಕಥೆಯ ನೆಲವಾಗಿಸಿಕೊಂಡು ಇಂಗ್ಲಿಷಿನಲ್ಲಿ ಐತಿಹಾಸಿಕ ಕಾದಂಬರಿ ಬರೆದವನು ಫಿಲಿಪ್ ಮೆಡೋಸ್ ಟೇಲರ್. ಅವನ ವಿಷಯವಾಗಿ ಇಂದು ನಾಲ್ಕು ಮಾತು.

ಟೇಲರ್ ಹುಟ್ಟಿದ್ದು 1808ರಲ್ಲಿ, ಲಿವರ್‌ಪೂಲಿನಲ್ಲಿ. ಹದಿನೈದರ ಹುಡುಗನಾಗಿ 1824ರಲ್ಲಿ ಮುಂಬಯಿಯ ವ್ಯಾಪಾರಿಯೊಬ್ಬನ ಬಳಿ ಕೆಲಸಕ್ಕೆ ಬಂದ. ಆ ವ್ಯಾಪಾರ ಆಗಲೇ ಮುಗ್ಗರಿಸಿತ್ತು. ಅದೇ ವರ್ಷ ನಿಜಾಮನ ಸೈನ್ಯ ಸೇರಿದ. ದೇಶಭಾಷೆಗಳನ್ನು ಕಲಿತ. ರಜೆಯ ಮೇಲೆ ಇಂಗ್ಲೆಂಡಿಗೆ ಹೋದಾಗ, 1839ರಲ್ಲಿ, ಅವನ ಮೊದಲ ಕಾದಂಬರಿ ‘ಕನ್ಫೆಶನ್ಸ್ ಆಫ್ ಎ ಥಗ್’ ಹೊರಬಂದು ಮನೆಮಾತಾಯಿತು. ಮರುವರ್ಷ ‘ಟಿಪ್ಪೂ ಸುಲ್ತಾನ್’ ಬಂತು.

ಆಮೇಲೆ ಇಪ್ಪತ್ತಮೂರು ವರ್ಷ ಅವನಿಂದ ಒಂದು ಕಾದಂಬರಿಯೂ ಬರಲಿಲ್ಲ. ಆ ಕಾಲದ ಬಹುಭಾಗ ಅವನು ನಮ್ಮ ನಾಡಿನಲ್ಲೇ ಇದ್ದ. 1841ರಲ್ಲಿ ಅವನನ್ನು ಸುರಪುರಕ್ಕೆ ಕಳಿಸಿದರು. ಮರುವರ್ಷ ಅಲ್ಲಿಯ ರಾಜ ಕೃಷ್ಣಪ್ಪ ನಾಯಕ ತೀರಿಕೊಂಡ. ಮಗ ವೆಂಕಟಪ್ಪ ನಾಯಕ ಇನ್ನೂ ಚಿಕ್ಕವ. 1853ರವರೆಗೆ ಸಂಸ್ಥಾನದ ಸೂತ್ರ ಟೇಲರನ ಕೈಯಲ್ಲಿತ್ತು. ಬಾಲರಾಜ ಅವನನ್ನು ‘ಅಪ್ಪ’ ಎಂದು ಕರೆಯುತ್ತಿದ್ದ. ಟೇಲರ್ ಕಟ್ಟಿಸಿದ ಬಂಗಲೆ ‘ಟೇಲರ್ ಮಂಜಿಲ್’ ಎಂಬ ಹೆಸರಿನಲ್ಲಿ ಇಂದಿಗೂ ಅಲ್ಲಿದೆ.

1858ರಲ್ಲಿ ಇದೇ ಹುಡುಗ ಇಂಗ್ಲಿಷರ ವಿರುದ್ಧ ಕತ್ತಿ ಎತ್ತಿದ, ಸೋತ, ಸೆರೆಯಾದ. ಸೆರೆಯಲ್ಲಿ ಟೇಲರ್ ಅವನನ್ನು ಕಂಡ. ಹಿಂದೆ ಯಾರಿದ್ದರೆಂದು ಹೇಳಲು ರಾಜ ಒಪ್ಪಲಿಲ್ಲ. ಕಳ್ಳನಂತೆ ನೇಣಿಗೇರಿಸುವುದು ಬೇಡ, ತೋಪಿನ ಬಾಯಿಗೆ ಕಟ್ಟಿ ಹಾರಿಸಲಿ ಎಂದನೆಂದು ಟೇಲರನೇ ಆತ್ಮಕಥೆಯಲ್ಲಿ ಬರೆದಿದ್ದಾನೆ. ಮರಣದಂಡನೆ ಕೊನೆಗೆ ನಾಲ್ಕು ವರ್ಷದ ಸೆರೆಗೆ ಇಳಿಯಿತು. ಆದರೆ ಸೆರೆಮನೆಗೆ ಸಾಗಿಸುವ ದಾರಿಯಲ್ಲೇ ರಾಜ ಗುಂಡು ತಗುಲಿ ಸತ್ತ. 1860ರಲ್ಲಿ ಸುರಪುರ ನಿಜಾಮನ ಪಾಲಾಯಿತು. ಅದೇ ವರ್ಷ ಟೇಲರ್ ತಾಯ್ನಾಡಿಗೆ ಮರಳಿದ.

ಅಲ್ಲಿ ಮತ್ತೆ ಲೇಖನಿ ಹಿಡಿದು ಮೂರು ಕಾದಂಬರಿಗಳನ್ನು ಬರೆದ. ನೂರು ನೂರು ವರ್ಷದ ಅಂತರದ ಮೂರು ಕಾಲಗಳು ಅವುಗಳ ವಸ್ತು. 1863ರ ‘ತಾರಾ’ 1657ರ ಕಥೆ. 1865ರ ‘ರಾಲ್ಫ್ ಡಾರ್ನೆಲ್’ 1757ರ ಪ್ಲಾಸಿಯ ಕಾಲದ್ದು. 1872ರ ‘ಸೀತಾ’ 1857ರ ದಂಗೆಯದು. ಅಫ್ಜಲಖಾನ ಸತ್ತದ್ದು 1659ರಲ್ಲಿ. ನೂರರ ಲೆಕ್ಕ ಕೂಡಿಸಲು ಇತಿಹಾಸವನ್ನು ಎರಡು ವರ್ಷ ಹಿಂದೆ ಸರಿಸಬೇಕಾಯಿತು.

ತಾರಾ ತುಳಜಾಪುರದ ಬ್ರಾಹ್ಮಣ ವಿಧವೆ. ಅಫ್ಜಲಖಾನನ ಮಗನನ್ನು ಮದುವೆಯಾಗುತ್ತಾಳೆ. ಸೀತಾ ಕೂಡ ವಿಧವೆ. ಇಂಗ್ಲಿಷ್ ಅಧಿಕಾರಿಯ ಕೈ ಹಿಡಿಯುತ್ತಾಳೆ, ಗಂಡನನ್ನು ಕಾಯಲು ಹೋಗಿ ಪ್ರಾಣ ಬಿಡುತ್ತಾಳೆ. ಟೇಲರನ ಹೆಂಡತಿ ಮೇರಿ ಪಾಮರಳ ಅಜ್ಜಿ ಭಾರತದ ಬೇಗಂ. ಹೀಗಿದ್ದೂ ಅವನು ಇನ್ನೂರು ವರ್ಷ ಹಿಂದಿನ ಕಥೆಯಲ್ಲಿ ಬಾಳಗೊಟ್ಟ ಸಂಬಂಧವನ್ನು ತನ್ನ ಕಾಲದ ಕಥೆಯಲ್ಲಿ ಬಾಳಗೊಡಲಿಲ್ಲ. ತಾನೇ ಬೆಳೆಸಿ, ತಾನೇ ಕಳೆದುಕೊಂಡ ಹುಡುಗನ ಕಥೆಯನ್ನಂತೂ ಕಾದಂಬರಿ ಮಾಡಲೇ ಇಲ್ಲ; ಅದು ಆತ್ಮಕಥೆಯಲ್ಲಿ ಉಳಿಯಿತು.

ಟೇಲರ್ 1876ರಲ್ಲಿ ತೀರಿಕೊಂಡ. ಆತ್ಮಕಥೆ ಮರುವರ್ಷ, ಚಾಂದಬೀಬಿಯನ್ನು ಕುರಿತ ‘ಎ ನೋಬಲ್ ಕ್ವೀನ್’ 1878ರಲ್ಲಿ ಅಚ್ಚಾದವು.

ಅವನು ನಮ್ಮ ಜನರನ್ನು ಪ್ರೀತಿಸಿದ್ದು ಸುಳ್ಳಲ್ಲ. ಅವರ ಮೇಲೆ ಅಧಿಕಾರ ನಡೆಸಿದ್ದೂ ಸುಳ್ಳಲ್ಲ. ಆದ್ದರಿಂದ ವಿದ್ಯಾರ್ಥಿಗಳಿಗೆ ನನ್ನದೊಂದು ಸೂಚನೆ. ‘ತಾರಾ’ ಓದುವವರು ಜೊತೆಗೆ ಆತ್ಮಕಥೆಯ ಸುರಪುರದ ಪುಟಗಳನ್ನೂ ಓದಿರಿ. ಓದುವಾಗ, ವೆಂಕಟಪ್ಪ ನಾಯಕ ತನ್ನ ಕಥೆಯನ್ನು ತಾನೇ ಬರೆದಿದ್ದರೆ ಈ ‘ಅಪ್ಪ’ನ ಚಿತ್ರ ಹೇಗಿರುತ್ತಿತ್ತು ಎಂದು ಕೇಳಿಕೊಳ್ಳಿರಿ.